ಹಾಡಿನ ಜೊತೆ ಮಾತನ್ನೂ ದಾಖಲಿಸಿ

ಮಾನ್ಯರೇ,

ಆಸ್ಟ್ರೇಲಿಯಾದ ಒಳನಾಡಿನ ಬದುಕನ್ನು ಹಾಡು, ಕಥೆಗಳಲ್ಲಿ ಉಳಿಸಿಕೊಟ್ಟ ಟೆಡ್ ಈಗನ್ ಅವರಿಂದ ನಮ್ಮ ಜನಪದ ಸಂಗ್ರಾಹಕರು ಕಲಿಯುವುದಿದೆ. ಅವರ ವಾದ್ಯ ಬಿಯರ್‌ನ ಖಾಲಿ ರಟ್ಟಿನ ಪೆಟ್ಟಿಗೆಯಾಗಿತ್ತು. ಬೆರಳಲ್ಲಿ ಬಡಿದರೆ ತಾಳ ಸಿಗುತ್ತದೆ, ಹಾಡಿನ ಮಾತು ಮುಳುಗುವುದಿಲ್ಲ. ಕಥೆ ಹೇಳುವವರಿಗೆ ಬೇಕಾದದ್ದು ಅದೇ. 1966ರಲ್ಲಿ ವೇವ್ ಹಿಲ್ ಎಂಬ ದನ ಸಾಕುವ ಎಸ್ಟೇಟಿನಿಂದ ಕೆಲಸ ಬಿಟ್ಟು ಹೊರನಡೆದ ಗುರಿಂಜಿ ಮೂಲನಿವಾಸಿ ಜನರ ಮೇಲೆ ಹಾಡು ಕಟ್ಟಿ, ಧ್ವನಿ ಮುದ್ರಿಸುವಾಗ ಹೋರಾಟದ ನಾಯಕ ವಿನ್ಸೆಂಟ್ ಲಿಂಗಿಯಾರಿ ಅವರ ಮಾತನ್ನೂ ಸೇರಿಸಿದರು. ನಮ್ಮಲ್ಲಿ ಎಷ್ಟೋ ಸಲ ಹಾಡಷ್ಟೇ ಉಳಿದು, ಹಾಡಿದವರ ಹೆಸರು, ಊರು, ಸಂದರ್ಭ ಕಳೆದುಹೋಗುತ್ತವೆ. ಮೊದಲು ಎರಡು ನಿಮಿಷ ಹಾಡುವವರನ್ನು ಮಾತಾಡಿಸಿ ಮುದ್ರಿಸಿ. ವಾಟ್ಸ್‌ಆ್ಯಪ್ ಧ್ವನಿಸಂದೇಶದಲ್ಲಿ ದನಿಯ ಗುಣಮಟ್ಟ ಕುಗ್ಗುತ್ತದೆ; ಮೂಲವನ್ನು ದನಿಯನ್ನು ಸಂಕುಚಿಸದ ವೇವ್ (WAV) ಕಡತವಾಗಿಯೇ ಎರಡು ಕಡೆ ಇಡಿ.

– ಜನಪದ ಹಾಡುಗಳ ಸಂಗ್ರಾಹಕರು, ಧಾರವಾಡ