ಮೇಷ್ಟ್ರ ಕಟಿಂಗ್ಸ್ ನೆನೆದಿವೆ, ಹಂಚಿನ ಮಾಡು ಕಟ್ಟಲು ಕೈ ಜೋಡಿಸಿ

ಆತ್ಮೀಯರೇ,

ಹೋದ ತಿಂಗಳು ಮಳೆ ಸುರಿದ ರಾತ್ರಿ, ಎರಡು ಗಂಟೆಗೆ ಫೋನ್ ಬಂತು. ಬೆಂಗಳೂರಿನ ಚಾಮರಾಜಪೇಟೆಯ ಮೇಷ್ಟ್ರ ಮನೆಯಿಂದ, ಹಿಂದಿನ ಕೋಣೆಯಲ್ಲಿರುವ ಸಿಂಧನೂರು ಕಡೆಯ ಹುಡುಗಿ. "ಸರ್, ಫೈಲ್ ತೊಯ್ಯಾಕತ್ತಾವ್ರಿ." ಮೇಷ್ಟ್ರು ಪತ್ರಿಕೆಗೆ ಬರೆದ ಸಂಗೀತ ವಿಮರ್ಶೆಗಳನ್ನು ಕತ್ತರಿಸಿ ಅಂಟಿಸಿಟ್ಟ ಫೈಲುಗಳು ಅವು. ನಾವು ಹೋಗುವಷ್ಟರಲ್ಲಿ ಆಕೆ ಕೈಗೆ ಸಿಕ್ಕಷ್ಟು ಫೈಲುಗಳನ್ನು ತನ್ನ ಮಂಚದ ಮೇಲೆ ಪೇರಿಸಿ, ತಾನು ಒದ್ದೆ ನೆಲದ ಮೇಲೆ ನಿಂತಿದ್ದಳು. ಆದರೂ ಹನ್ನೊಂದು ಫೈಲು ನೆನೆದಿದ್ದವು. ನ್ಯೂಸ್‌ಪ್ರಿಂಟ್ ನಿಮಗೆ ಗೊತ್ತಲ್ಲ, ಬಿಸಿಲು ಕಂಡರೆ ಹಳದಿ, ನೀರು ಕಂಡರೆ ಗಂಜಿ. ಅದರ ಜೊತೆಗೆ ಮೇಷ್ಟ್ರ ಮೈದಾ ಅಂಟು ಬೇರೆ. ಮೂರು ದಿನ ಫ್ಯಾನ್ ಕೆಳಗೆ ಹರಡಿ ಒಣಗಿಸಿದೆವು. ಉಳಿದದ್ದು ಏಳು.

ಮೂರು ವರ್ಷದ ಹಿಂದೆಯೇ ಹಂಚಿನ ಮೇಲೆ ಟಾರ್ಪಾಲು ಹೊದಿಸಿ ಸುಮ್ಮನಾಗಿದ್ದೆವು. ತಪ್ಪು ನಮ್ಮದೇ.

ಮೇಷ್ಟ್ರು ಯಾರು ಅಂತ ನಿಮಗೆ ಹೇಳಬೇಕಾಗಿಲ್ಲ. ಬೆಳಿಗ್ಗೆ ಪತ್ರಿಕೋದ್ಯಮದ ಪಾಠ, ಸಂಜೆ ಸಂಗೀತ ಕಚೇರಿ, ರಾತ್ರಿ ಪತ್ರಿಕೆಯ ಡೆಸ್ಕಿನಲ್ಲಿ ಕೂತು ವಿಮರ್ಶೆ. ಮೂವತ್ತು ವರ್ಷ ಇದೇ ಬದುಕು. 1905ರಷ್ಟು ಹಳೆಯ ಗಾಯನ ಸಮಾಜ, 1980ರಲ್ಲಿ ಪಿಟೀಲಿನ ಆಕಾರದಲ್ಲಿ ಎದ್ದ ಚೌಡಯ್ಯ ಭವನ, ಎಲ್ಲಕ್ಕಿಂತ ಜಾಸ್ತಿ ಕೋಟೆ ಹೈಸ್ಕೂಲು ಮೈದಾನದ ರಾಮನವಮಿ ಕಚೇರಿಗಳು. ತನಿ ಆವರ್ತನ, ಅಂದರೆ ಬರೀ ತಾಳವಾದ್ಯದವರ ಸರದಿ, ಶುರುವಾದ ಕೂಡಲೇ ಕಾಫಿಗೆ ಏಳುವವರನ್ನು ಕಂಡರೆ ಅವರಿಗೆ ಆಗುತ್ತಿರಲಿಲ್ಲ. ಎಷ್ಟು ಜನ ಎದ್ದರು ಅಂತ ಎಣಿಸಿ ಪತ್ರಿಕೆಯಲ್ಲೂ ಬರೆದಿದ್ದಾರೆ!

ತರಗತಿಯಲ್ಲಿ ನಾವೂ ಅವರ ಕೈಯಲ್ಲಿ ಸಿಕ್ಕವರೇ. 'ಸುಶ್ರಾವ್ಯವಾಗಿ ಹಾಡಿದರು', 'ಸಭಿಕರ ಮನಸೂರೆಗೊಂಡರು' ಅಂತ ಬರೆದರೆ ಕೆಂಪು ಇಂಕಿನ ಸುತ್ತು, ನಾಲ್ಕಾಣೆ ದಂಡ. ದಂಡದ ದುಡ್ಡಲ್ಲಿ ಎಲ್ಲರಿಗೂ ಬೋಂಡ. "ನನಗೆ ರಾಗ ಗೊತ್ತಾಗಲ್ಲ ಸಾರ್" ಅಂದವನಿಗೆ, "ಪಕ್ಕದಲ್ಲಿ ಕೂತ ಅಜ್ಜನನ್ನು ಕೇಳಯ್ಯಾ, ನೀನು ವರದಿಗಾರ ಅಲ್ವಾ?" ಎನ್ನುತ್ತಿದ್ದರು. ಅವರ ಪ್ರಕಾರ ವಿಮರ್ಶೆ ಅಂದರೆ ಮೊದಲು ವರದಿ. ಮೈಕು ಎಷ್ಟು ಸಲ ಕೀರಲಿತು, ಮೃದಂಗದವರಿಗೆ ಎಷ್ಟು ನಿಮಿಷ ಬಿಟ್ಟರು, ಪಲ್ಲವಿಯ ಎಡುಪು, ಅಂದರೆ ತಾಳದಲ್ಲಿ ಸಾಲು ಶುರುವಾಗುವ ಜಾಗ, ಎಲ್ಲಿತ್ತು. ಮೆಚ್ಚುಗೆ, ತೆಗಳಿಕೆ ಆಮೇಲೆ.

ಒಮ್ಮೆ ಮೇಷ್ಟ್ರೇ ಎಡವಿದರು. ಮಣಿರಂಗು ರಾಗ ಹಾಡಿದ್ದನ್ನು ಮಧ್ಯಮಾವತಿ ರಾಗ ಅಂತ ಬರೆದುಬಿಟ್ಟರು. ಹತ್ತುವಾಗ ಎರಡಕ್ಕೂ ಅವೇ ಸ್ವರ. ಇಳಿಯುವಾಗ ಮಾತ್ರ ಮಣಿರಂಗಿಗೆ ಗಾಂಧಾರ ಅನ್ನುವ ಸ್ವರ ಬರುತ್ತದೆ. "ಕೊನೇ ಬಸ್ಸಿನ ಯೋಚನೇಲಿ ಆ ಗಾಂಧಾರ ಕೇಳಿಸಲೇ ಇಲ್ಲ" ಅಂತ ತರಗತಿಯಲ್ಲಿ ತಾವೇ ಹೇಳಿಕೊಂಡರು. ಮಾರನೇ ದಿನ ನಾಲ್ಕು ಸಾಲಿನ ತಿದ್ದುಪಡಿ ಹಾಕಿಸಿ, ಅದನ್ನೂ ಕತ್ತರಿಸಿ ಫೈಲಿಗೆ ಅಂಟಿಸಿದರು. ಈ ಮಳೆಯಲ್ಲಿ ಆ ವಿಮರ್ಶೆ ಹೋಯಿತು. ತಿದ್ದುಪಡಿ ಉಳಿದಿದೆ.

ಇವತ್ತು ಕನ್ನಡದ ಯಾವ ಪತ್ರಿಕೆಯ ಡೆಸ್ಕಿಗೆ ಹೋದರೂ ಮೇಷ್ಟ್ರ ಶಿಷ್ಯರೊಬ್ಬರು ಸಿಗುತ್ತಾರೆ. ಜಂಬ ಅನ್ನಿಸಿದರೆ ಅನ್ನಿಸಲಿ. ಮನೆಯ ಹಿಂದಿನ ಎರಡು ಕೋಣೆಗಳಲ್ಲಿ ಈಗಲೂ ಐದು ಜನ ವಿದ್ಯಾರ್ಥಿಗಳು ಬಾಡಿಗೆ ಇಲ್ಲದೆ ಇದ್ದು ಓದುತ್ತಿದ್ದಾರೆ. ಸಿಂಧನೂರಿನ ಹುಡುಗಿಯ ತಂದೆ ತಾಯಿ ಭತ್ತದ ಗದ್ದೆಯಲ್ಲಿ ಕೂಲಿ ಮಾಡುವವರು. ಇಲ್ಲಿಗೆ ಬರುವ ಮುಂಚೆ ಆಕೆ ಒಂದು ಕಚೇರಿಯನ್ನೂ ಕೇಳಿದವಳಲ್ಲ. ಈಗ ಗಾಜು ಸೀಳಿದ ಫೋನಿನಲ್ಲೇ ವರದಿ ಟೈಪ್ ಮಾಡಿ ಕಳಿಸುತ್ತಾಳೆ. ಮಳೆಯಾದಾಗಿನಿಂದ ಐದೂ ಜನ ಒಂದೊಂದು ಕಡೆ ಪರಿಚಯದವರ ಮನೆಯಲ್ಲಿ ಮಲಗುತ್ತಿದ್ದಾರೆ.

ಇನ್ನು ದುಡ್ಡಿನ ಮಾತು. ಗೆದ್ದಲು ಹಿಡಿದ ರೀಪು ಕಿತ್ತು, ಒಂದು ತೊಲೆ ಬದಲಿಸಿ, ಹಂಚು ಮತ್ತೆ ಹೊದಿಸಲು 4 ಲಕ್ಷದ ಹತ್ತಿರ ಆಗಬಹುದು. ಫೈಲುಗಳನ್ನೆಲ್ಲ ಸ್ಕ್ಯಾನ್ ಮಾಡಿಸಲು ಇನ್ನೊಂದು ಒಂದೂವರೆ ಲಕ್ಷ. ನಮ್ಮ ಟ್ರಸ್ಟಿನಲ್ಲಿ ಇರುವುದು 1 ಲಕ್ಷ ಚಿಲ್ಲರೆ. ಈ ತಿಂಗಳ 15ರೊಳಗೆ ಅಡ್ವಾನ್ಸ್ ಕೊಡದಿದ್ದರೆ ಮೇಸ್ತ್ರಿ ಬೇರೆ ಕೆಲಸ ಒಪ್ಪಿಕೊಳ್ಳುತ್ತಾನಂತೆ. ಆಮೇಲೆ ಹಿಂಗಾರು ಬೇರೆ ಹಿಡಿಯುತ್ತದೆ. ಐನೂರಾದರೂ ಸರಿ, ಐವತ್ತು ಸಾವಿರವಾದರೂ ಸರಿ, ಹಳೆಯ ಖಾತೆಗೇ ಹಾಕಿ. ರಸೀದಿ ತಪ್ಪದೆ ಕಳಿಸುತ್ತೇವೆ.

ದುಡ್ಡು ಕೊಡಲು ಆಗದವರು ಭಾನುವಾರ ಹತ್ತು ಗಂಟೆಗೆ ಮನೆಗೆ ಬನ್ನಿ. ಅಂಟಿಕೊಂಡ ಪುಟ ಬಿಡಿಸುವ ಕೆಲಸ ಇನ್ನೂ ಮುಗಿದಿಲ್ಲ. ಬೆಣ್ಣೆ ಸವರುವ ಮೊಂಡು ಚಾಕು ಇದ್ದರೆ ಒಂದು ತನ್ನಿ.

ಇಂತಿ,
ಟ್ರಸ್ಟಿನ ಪರವಾಗಿ, ಮೇಷ್ಟ್ರ ಹಳೆಯ ವಿದ್ಯಾರ್ಥಿಗಳು