ಕತ್ತರಿ ಹಿಡಿದು ಸಿನಿಮಾ ಮಾಡಿದವಳು

ಟ್ಯೂಬಿಂಗನ್, ಜರ್ಮನಿ, ಭಾನುವಾರ

ಪ್ರೀತಿಯ ಅವ್ವನಿಗೆ ಮಗಳ ನಮಸ್ಕಾರಗಳು. ನಾನು ಕ್ಷೇಮ. ನಿನ್ನ ಮಂಡಿನೋವು ಹೇಗಿದೆ? ಹೊಲಿಗೆ ಯಂತ್ರದ ಮುಂದೆ ಒಂದೇ ಸಮನೆ ಕೂರಬೇಡ ಎಂದರೆ ನೀನು ಕೇಳುವವಳಲ್ಲ.

ಫೋನಿನಲ್ಲಿ ಹೇಳಹೊರಟರೆ ಅರ್ಧಕ್ಕೇ ನಿಲ್ಲುತ್ತದೆ, ಅದಕ್ಕೇ ಬರೆಯುತ್ತಿದ್ದೇನೆ. ಈ ಊರಿನ ವಸ್ತುಸಂಗ್ರಹಾಲಯದಲ್ಲಿ ಲೋಟೆ ರೈನಿಗರ್ ಎಂಬ ಚಿತ್ರ ನಿರ್ದೇಶಕಿಗಾಗಿಯೇ ಮೀಸಲಾದ ಭಾಗವೊಂದಿದೆ. 1899ರಲ್ಲಿ ಬರ್ಲಿನ್‌ನಲ್ಲಿ ಹುಟ್ಟಿದವಳು. ಆಕೆಯ ಕೈಯಲ್ಲಿದ್ದ ಸಾಮಾನು ಒಂದೇ, ಕತ್ತರಿ. ಗಾಜಿನ ಪೆಟ್ಟಿಗೆಯ ಮುಂದೆ ನಿಂತಾಗ ನೀನೇ ನೆನಪಾದೆ.

ಕಪ್ಪು ರಟ್ಟಿನಲ್ಲಿ ಆಳು, ಕುದುರೆ, ಮರಗಳನ್ನು ಕತ್ತರಿಸುತ್ತಿದ್ದಳು. ಕತ್ತು, ಮೊಣಕೈ, ಮಣಿಕಟ್ಟು ಬೇರೆ ಬೇರೆ ತುಂಡುಗಳು. ಕೀಲುಗಳಿಗೆ ಸಣ್ಣ ತಂತಿ. ಕೆಳಗಿನಿಂದ ಬೆಳಕು ಬೀಳುವ ಗಾಜಿನ ಮೇಜಿನ ಮೇಲೆ ಗೊಂಬೆಯನ್ನು ಮಲಗಿಸಿ, ಎಳ್ಳಷ್ಟು ಸರಿಸಿ, ಮೇಲಿದ್ದ ಕ್ಯಾಮೆರಾದಿಂದ ಒಂದು ಚಿತ್ರ. ಮತ್ತೆ ಸರಿಸಿ ಮತ್ತೊಂದು. ಪರದೆಯ ಮೇಲೆ ಒಂದು ಸೆಕೆಂಡಿಗೆ ಇಂತಹ 24 ಚಿತ್ರಗಳು ಬೇಕು. ಆಕೆ ಕತ್ತರಿಸುವುದನ್ನು ಹಳೆಯ ಚಿತ್ರವೊಂದರಲ್ಲಿ ನೋಡಿದೆ. ಕತ್ತರಿ ಇದ್ದಲ್ಲೇ ಇರುತ್ತದೆ. ಎಡಗೈ ಕಾಗದವನ್ನು ತಿರುಗಿಸುತ್ತಾ ಹೋಗುತ್ತದೆ. ನೀನು ರವಿಕೆಯ ಕೊರಳನ್ನು ಕತ್ತರಿಸುವುದು ಹಾಗೆಯೇ ಅಲ್ಲವೇ?

ಹತ್ತೊಂಬತ್ತನೆಯ ವಯಸ್ಸಿನ ಸುಮಾರಿಗೆ ಪಾಲ್ ವೆಗೆನರ್ ಎಂಬ ನಟ, ನಿರ್ದೇಶಕನ ಬಳಿ ಸೇರಿಕೊಂಡಳು. ಇಲಿಗಳನ್ನು ಊರಿನಿಂದ ಹೊರಗೆ ಕರೆದೊಯ್ಯುವ ಕಿಂದರಿಜೋಗಿಯ ಕಥೆ ನಿನಗೆ ಗೊತ್ತಲ್ಲ, ಆತ ಅದನ್ನೇ ಸಿನಿಮಾ ಮಾಡುತ್ತಿದ್ದ. ಜೀವಂತ ಪ್ರಾಣಿಗಳು ಹೇಳಿದ ಮಾತು ಕೇಳದಾಗ ಮರದ ಇಲಿಗಳನ್ನು ಒಂದೊಂದಾಗಿ ಸರಿಸಿ ನಡೆಸಿದವರಲ್ಲಿ ಈಕೆಯೂ ಒಬ್ಬಳು.

1923ರಲ್ಲಿ ಜರ್ಮನಿಯ ಹಣ ಕಸಕ್ಕಿಂತ ಕಡೆಯಾಗಿತ್ತು. ಲೂಯಿ ಹಾಗೆನ್ ಎಂಬ ಬ್ಯಾಂಕರ್, ಬೆಲೆ ಉಳಿಯಲೆಂದು ಖಾಲಿ ಸಿನಿಮಾ ರೀಲುಗಳನ್ನು ಕೊಂಡಿಟ್ಟಿದ್ದ. ಅವನ್ನೇ ಕೊಟ್ಟು ದೊಡ್ಡ ಚಿತ್ರ ಮಾಡು ಎಂದ. ಪಾಟ್ಸ್‌ಡಾಮಿನಲ್ಲಿ ಅವನ ಕಾರಿನ ಶೆಡ್ಡಿನ ಮೇಲಿನ ಅಟ್ಟವೇ ಸ್ಟುಡಿಯೋ ಆಯಿತು. ಕ್ಯಾಮೆರಾ ನೋಡಿಕೊಂಡವನು ಗಂಡ ಕಾರ್ಲ್ ಕೋಖ್. ಮೂರು ವರ್ಷ ದುಡಿದು ಅರೇಬಿಯನ್ ಇರುಳುಗಳ ರಾಜಕುಮಾರ ಅಹ್ಮದನ ಕಥೆಯನ್ನು ಮುಗಿಸಿದರು. 1926ರಲ್ಲಿ ಬರ್ಲಿನ್‌ನಲ್ಲಿ ಮೊದಲ ಪ್ರದರ್ಶನ. ಇಂದಿಗೆ ಉಳಿದಿರುವ ಪೂರ್ಣಾವಧಿಯ ಅನಿಮೇಷನ್ ಚಿತ್ರಗಳಲ್ಲಿ ಅದೇ ಅತ್ಯಂತ ಹಳೆಯದು. ಡಿಸ್ನಿಯ ಮೊದಲ ದೊಡ್ಡ ಚಿತ್ರ ಬಂದದ್ದು 1937ರಲ್ಲಿ. ಆದರೂ ನಮ್ಮ ಕಿವಿಗೆ ಬಿದ್ದದ್ದು ಡಿಸ್ನಿಯ ಹೆಸರು ಮಾತ್ರ. ಇದು ನನಗೆ ನಿಜವಾಗಿಯೂ ನೋವು ತಂದಿತು.

ಹಿಟ್ಲರನ ಆಳ್ವಿಕೆ ಆಕೆಗೆ ಸಹಿಸಲಾಗಲಿಲ್ಲ. ಗೆಳೆಯರಲ್ಲಿ ಬಹಳ ಮಂದಿ ಯಹೂದಿಗಳು. ಗಂಡ ಹೆಂಡತಿ ದೇಶ ಬಿಟ್ಟರು. ಆದರೆ ಎಲ್ಲಿಯೂ ಕಾಯಂ ನೆಲೆಸಲು ಅನುಮತಿ ಸಿಗಲಿಲ್ಲ. ವೀಸಾ ಮುಗಿದಂತೆ ಇಂಗ್ಲೆಂಡ್, ಫ್ರಾನ್ಸ್, ಇಟಲಿ ಎಂದು ಅಲೆದಾಟ. ನನ್ನ ವೀಸಾ ಕಾಗದಗಳಿಗಾಗಿ ಕಾದ ದಿನಗಳಲ್ಲಿ ನೀನು ನಿದ್ದೆಗೆಟ್ಟಿದ್ದೆಯಲ್ಲ, ಆಕೆಯದು ಎಷ್ಟೋ ವರ್ಷಗಳ ಕಾಯುವಿಕೆ. ಕೊನೆಗೆ ಯುದ್ಧ ನಡೆಯುತ್ತಿರುವಾಗಲೇ ಬರ್ಲಿನ್‌ಗೆ ಮರಳಿದಳು, ಕಾಯಿಲೆ ಬಿದ್ದ ತಾಯಿಯನ್ನು ನೋಡಿಕೊಳ್ಳಲು. ಇದನ್ನು ಓದಿ ಅಲ್ಲೇ ಬೆಂಚಿನ ಮೇಲೆ ಕುಳಿತುಬಿಟ್ಟೆ ಅವ್ವ.

ಆಮೇಲೆ 1949ರಲ್ಲಿ ಲಂಡನ್ ಸೇರಿ ಮಕ್ಕಳ ಕಥೆಗಳನ್ನು ಒಂದರ ಹಿಂದೆ ಒಂದು ಚಿತ್ರಗಳಾಗಿಸಿದಳು. ಅದರಲ್ಲೊಂದು, ದರ್ಜಿಯೊಬ್ಬನ ಕಥೆ, 1955ರಲ್ಲಿ ವೆನಿಸ್‌ನಲ್ಲಿ ಬಹುಮಾನ ಪಡೆಯಿತು. 1981ರಲ್ಲಿ ತೀರಿಕೊಂಡದ್ದು ಇಲ್ಲೇ ಹತ್ತಿರದ ಡೆಟ್ಟೆನ್‌ಹೌಸೆನ್ ಎಂಬ ಹಳ್ಳಿಯಲ್ಲಿ.

ಆ ಗೊಂಬೆಗಳನ್ನು ನೋಡುತ್ತಾ ನಮ್ಮೂರ ತೊಗಲುಗೊಂಬೆಯಾಟವೂ ಕಣ್ಣಮುಂದೆ ಬಂತು. ನಮ್ಮ ಗೊಂಬೆಗಳಿಗೆ ಬಣ್ಣವಿದೆ, ಬೆಳಕು ತೊಗಲಿನೊಳಗಿನಿಂದಲೇ ಹಾದು ಬರುತ್ತದೆ; ಆಕೆಯವು ಬರೀ ಕಪ್ಪು, ಅಂಚೇ ಎಲ್ಲವನ್ನೂ ಹೇಳಬೇಕು. ಈ ಸಲ ಜಾತ್ರೆಗೆ ಆಟದವರು ಬಂದರೆ ತಮ್ಮನಿಗೆ ಹೇಳಿ, ಅವರ ಒಪ್ಪಿಗೆ ಕೇಳಿ, ಪರದೆಯ ಹಿಂದಿನಿಂದ ಒಂದು ವಿಡಿಯೋ ಮಾಡಿಸಿ ಕಳಿಸು. ಆಡಿಸುವವರ ಕೈಗಳು ಕಾಣುವಂತಿರಲಿ.

ಅಪ್ಪನಿಗೆ ನಮಸ್ಕಾರ ತಿಳಿಸು.

ನಿನ್ನ ಮಗಳು