ಬದನೆಕಾಯಿಗೆ ಕೆಂಪು ಗೀಟು ಯಾಕೆ?

ಸಂಪಾದಕರಿಗೆ ನಮಸ್ಕಾರ.

ನನ್ನ ಮಗಳು ಐದನೇ ಕ್ಲಾಸು. ಮೊನ್ನೆ ಅವಳ ಪರೀಕ್ಷೆಯಲ್ಲಿ ‘ಹಣ್ಣು, ತರಕಾರಿ ಬೇರೆ ಮಾಡಿ ಬರೆಯಿರಿ’ ಎಂಬ ಪ್ರಶ್ನೆ ಬಂದಿತ್ತು. ಬದನೆಕಾಯಿ, ಟೊಮೆಟೊ ಎರಡನ್ನೂ ಅವಳು ಹಣ್ಣಿನ ಸಾಲಿಗೆ ಹಾಕಿದ್ದಳು. ಎರಡಕ್ಕೂ ಕೆಂಪು ಗೀಟು ಬಿತ್ತು. ಹೊಲದಲ್ಲಿ ಕಣ್ಣಾರೆ ನೋಡಿದ್ದನ್ನು ಬರೆದ ಮಗುವಿಗೆ ತಪ್ಪು ಅಂದುಬಿಟ್ಟರಲ್ಲ ಎಂದು ನನಗೆ ಬಹಳ ಬೇಸರವಾಗಿದೆ.

ಕುರುಗೋಡು ಹತ್ತಿರ ನಮ್ಮದು ಮೆಣಸಿನಕಾಯಿ, ಬದನೆ ಹೊಲ. ಬದನೆ ಗಿಡ ನೇರಳೆ ಹೂ ಬಿಡುತ್ತದೆ, ನಡುವೆ ಹಳದಿ ಕೇಸರ. ಪರಾಗಸ್ಪರ್ಶ ಆದಮೇಲೆ ಹೂವಿನ ಅಂಡಾಶಯ ಉಬ್ಬುತ್ತಾ ಕಾಯಿಯಾಗುತ್ತದೆ. ಎಳೆಗಾಯಿಯ ತುದಿಗೆ ಒಣಗಿದ ಹೂ ಇನ್ನೂ ಅಂಟಿಕೊಂಡಿರುವುದೂ ಉಂಟು. ಎಣ್ಣೆಗಾಯಿ ಮಾಡುವಾಗ ತೊಟ್ಟು ಹಾಗೇ ಇಟ್ಟು ಸೀಳುತ್ತೇವಲ್ಲ, ಆ ತೊಟ್ಟಿನ ಹಸಿರು ಟೋಪಿ ಒಂದು ಕಾಲಕ್ಕೆ ಮೊಗ್ಗನ್ನು ಮುಚ್ಚಿದ್ದ ಎಸಳುಗಳೇ. ಹೀಗೆ ಹೂವಿನ ಅಂಡಾಶಯ ಬೆಳೆದು ಒಳಗೆ ಬೀಜ ಕಟ್ಟಿದರೆ ಸಸ್ಯಶಾಸ್ತ್ರದಲ್ಲಿ ಅದು ಹಣ್ಣು. ಸಿಹಿ ಇರಲಿ, ಖಾರ ಇರಲಿ. ಬೆಂಡೆ, ಹೀರೆ, ಸೌತೆ, ಹಸಿಮೆಣಸಿನಕಾಯಿ ಎಲ್ಲವೂ ಆ ಲೆಕ್ಕಕ್ಕೆ ಬರುತ್ತವೆ.

ತರಕಾರಿ ಅನ್ನುವ ಗುಂಪು ಸಸ್ಯಶಾಸ್ತ್ರದಲ್ಲಿ ಇಲ್ಲವೇ ಇಲ್ಲ. ಅದು ಅಡುಗೆಮನೆಯ ಲೆಕ್ಕ. ಗಜ್ಜರಿ ಬೇರು, ಆಲೂಗಡ್ಡೆ ಕಾಂಡ, ಉಳ್ಳಾಗಡ್ಡಿ ಎಲೆಗಳ ಬುಡ. ಪಲ್ಯಕ್ಕೆ, ಸಾರಿಗೆ ಬಂದರೆ ಎಲ್ಲವೂ ಕಾಯಿಪಲ್ಯ. ಅಡುಗೆ ಮಾಡುವವರಿಗೆ ಅದೇ ಸರಿ. ಅದನ್ನು ಯಾರೂ ತಿದ್ದಬೇಕಾಗಿಲ್ಲ.

ಅಮೆರಿಕದಲ್ಲಿ ಇದೇ ಜಗಳ ಕೋರ್ಟಿಗೂ ಹೋಗಿತ್ತು. 1883ರ ಕಾನೂನಿನಲ್ಲಿ ಹೊರದೇಶದ ತರಕಾರಿಗೆ ಸುಂಕ ಇತ್ತು. ಟೊಮೆಟೊ ಹಣ್ಣು, ಸುಂಕ ಬೇಡ ಎಂದರು ವ್ಯಾಪಾರಿಗಳು. ಸಸ್ಯಶಾಸ್ತ್ರದಲ್ಲಿ ಹಣ್ಣು ಹೌದು, ಆದರೆ ಜನ ಅದನ್ನು ತರಕಾರಿಯಾಗಿ ಬಳಸುತ್ತಾರೆ, ಹಾಗಾಗಿ ಸುಂಕ ಕಟ್ಟಲೇಬೇಕು ಎಂದು 1893ರಲ್ಲಿ ಅಲ್ಲಿನ ಸುಪ್ರೀಂ ಕೋರ್ಟ್ ಹೇಳಿತು. ಅಷ್ಟು ದೊಡ್ಡ ಕೋರ್ಟೇ ಎರಡೂ ಲೆಕ್ಕವನ್ನು ಒಪ್ಪಿದೆ. ಮಕ್ಕಳ ಉತ್ತರ ಪತ್ರಿಕೆಯಲ್ಲೂ ಒಪ್ಪಬಹುದು ಅಲ್ವಾ?

ನಮ್ಮ ಬಳ್ಳಾರಿಯ ಅಂಜೂರವನ್ನು ಒಮ್ಮೆ ಕ್ಲಾಸಿನಲ್ಲಿ ಕೊಯ್ದು ತೋರಿಸಿ. ಅದರ ಹೂಗಳೆಲ್ಲ ಒಳಗೋಡೆಗೆ ಅಂಟಿಕೊಂಡೇ ಇರುತ್ತವೆ, ಹೊರಗೆ ಹೂ ಬಿಟ್ಟಿದ್ದು ಕಾಣುವುದೇ ಇಲ್ಲ. ನಾವು ತಿನ್ನುವುದು ಇಡೀ ಹೂಗೊಂಚಲನ್ನು. ಹಲ್ಲಿಗೆ ಕರಕರ ಸಿಗುವ ಒಂದೊಂದು ಕಾಳೂ ಶಾಸ್ತ್ರದ ಪ್ರಕಾರ ಒಂದೊಂದು ಹಣ್ಣು! ಮಕ್ಕಳಿಗೆ ಇದಕ್ಕಿಂತ ಒಳ್ಳೆ ಪಾಠ ಯಾವುದಿದೆ?

ಪ್ರಶ್ನೆ ಪತ್ರಿಕೆ ಮಾಡುವ ಗುರುಗಳಲ್ಲಿ ಒಂದು ಕೋರಿಕೆ. ‘ಇದು ಗಿಡದ ಯಾವ ಭಾಗ?’ ಎಂದು ಕೇಳಿ. ಹಣ್ಣು, ತರಕಾರಿ ಅಂತಲೇ ಕೇಳುವುದಾದರೆ ‘ಅಡುಗೆಯಲ್ಲಿ’ ಎಂದು ಸೇರಿಸಿ. ಈಗಾಗಲೇ ಗೀಟು ಬಿದ್ದ ಉತ್ತರಕ್ಕೆ ಮಗು ಸರಿಯಾದ ಕಾರಣ ಹೇಳಿದರೆ, ದಯವಿಟ್ಟು ಅಂಕ ಕೊಡಿ.

– ಒಬ್ಬ ರೈತ, ಕುರುಗೋಡು ತಾಲ್ಲೂಕು, ಬಳ್ಳಾರಿ ಜಿಲ್ಲೆ